'ದಿ ಕಾನ್ವರ್ಸೇಷನ್' (1974): ಆ ಒಂದು ಸಾಲನ್ನು ಕನ್ನಡದಲ್ಲಿ ಹೇಗೆ ಬರೆಯೋದು?

ಟ್ರಂಕ್‌ಕಾಲ್ ಮಗಳು

ಮೊದಲೇ ಹೇಳಿಬಿಡುತ್ತೇನೆ, ಇಲ್ಲಿ ಕಥೆಯ ಕೊನೆಯ ಗುಟ್ಟೂ ಬರುತ್ತದೆ. ನೋಡಿಲ್ಲದವರು ದಯವಿಟ್ಟು ನೋಡಿಕೊಂಡು ಬನ್ನಿ. ಎರಡು ಗಂಟೆಗೂ ಕಡಿಮೆ.

ಜೀನ್ ಹ್ಯಾಕ್‌ಮನ್ 2025ರ ಫೆಬ್ರುವರಿಯಲ್ಲಿ ತೀರಿಕೊಂಡ ಮೇಲೆ ಅವರ ಹಳೆಯ ಸಿನಿಮಾಗಳನ್ನು ಅಪ್ಪನ ಜೊತೆ ಕೂತು ಒಂದೊಂದಾಗಿ ನೋಡುತ್ತಿದ್ದೇನೆ. ಅಪ್ಪನಿಗೆ ಈಗ ಕಿವಿ ಮಂದ. ಇಂಗ್ಲಿಷ್ ಸಬ್‌ಟೈಟಲ್ ಓದಿ ಮುಗಿಸುವಷ್ಟರಲ್ಲಿ ಮುಂದಿನ ಸಾಲು ಬಂದಿರುತ್ತದೆ. ಅದಕ್ಕೆ ನಾನೇ ಕನ್ನಡದಲ್ಲಿ ಬರೆದು ಹಾಕುತ್ತೇನೆ, ಮನೆ ಮಟ್ಟಿಗೆ. ಇಲ್ಲಿಯವರೆಗೆ ತೊಂದರೆ ಆಗಿರಲಿಲ್ಲ. ನಿರ್ದೇಶಕ ಕೊಪ್ಪೊಲಾ ಅವರ ಈ ಸಿನಿಮಾದಲ್ಲಿ ಒಂದೇ ಒಂದು ಸಾಲಿನ ಮುಂದೆ ನಾಲ್ಕು ದಿನದಿಂದ ಕೂತಿದ್ದೇನೆ.

ಕಥೆ ಮರೆತವರಿಗಾಗಿ ಸ್ವಲ್ಪ ಹೇಳುತ್ತೇನೆ. ಹ್ಯಾಕ್‌ಮನ್ ಮಾಡಿದ ಪಾತ್ರ ಹ್ಯಾರಿ ಕಾಲ್, ಸ್ಯಾನ್ ಫ್ರಾನ್ಸಿಸ್ಕೋದವನು. ಬೇರೆಯವರ ಮಾತನ್ನು ಕದ್ದು ರೆಕಾರ್ಡ್ ಮಾಡಿಕೊಡುವುದೇ ಅವನ ಕಸುಬು. ಯೂನಿಯನ್ ಸ್ಕ್ವೇರಿನ ಜನಜಂಗುಳಿಯಲ್ಲಿ ಸುತ್ತು ಹಾಕುತ್ತಾ ಮಾತಾಡುವ ಆನ್ ಮತ್ತು ಮಾರ್ಕ್ ಎಂಬ ಜೋಡಿಯ ಮಾತನ್ನು ಹಿಡಿದುಕೊಟ್ಟರೆ 15,000 ಡಾಲರ್. ಹಣ ಕೊಡುವವನು ಒಂದು ದೊಡ್ಡ ಕಂಪನಿಯ ಡೈರೆಕ್ಟರ್. ಮೂರು ಕಡೆಯಿಂದ ಹಿಡಿದ ಟೇಪುಗಳನ್ನು ಹ್ಯಾರಿ ಒಂದಾಗಿ ಕೂಡಿಸುತ್ತಾನೆ. ಡೋಲಿನ ಸದ್ದಿನ ಕೆಳಗೆ ಹೂತುಹೋಗಿದ್ದ ಒಂದು ಸಾಲು ಮೇಲೆ ಬರುತ್ತದೆ. ಅವಕಾಶ ಸಿಕ್ಕರೆ ಅವನು ನಮ್ಮನ್ನು ಕೊಲ್ಲುತ್ತಾನೆ, ಅಂತ.

ಸಿನಿಮಾದ ಉದ್ದಕ್ಕೂ ಒತ್ತು 'ಕೊಲ್ಲುತ್ತಾನೆ' ಅನ್ನುವುದರ ಮೇಲಿದೆ. ಪಾಪ, ಹೆದರಿದ ಜೋಡಿ ಅನ್ನಿಸುತ್ತದೆ. ಕೊನೆಯಲ್ಲಿ ಅದೇ ಸಾಲು ಮತ್ತೆ ಕೇಳಿದಾಗ ಒತ್ತು 'ನಮ್ಮನ್ನು' ಅನ್ನುವುದರ ಮೇಲೆ ಬಿದ್ದಿರುತ್ತದೆ. ಅಂದರೆ, ಅವನು ನಮ್ಮನ್ನೇ ಕೊಲ್ಲುವವನು, ಹಾಗಾಗಿ ನಾವೇ ಮೊದಲು ಮುಗಿಸೋಣ. ಸತ್ತವನು ಡೈರೆಕ್ಟರ್. ಕೊಂದವರು ಆ ಜೋಡಿ.

ಇಂಗ್ಲಿಷಿನಲ್ಲಿ ಇದು ಬರೀ ದನಿಯ ಕೆಲಸ. ಒಂದು ಅಕ್ಷರವೂ ಬದಲಾಗುವುದಿಲ್ಲ. ನಮ್ಮಲ್ಲಿ ಒತ್ತು ಕೊಡಬೇಕಾದರೆ ಬಾಯಲ್ಲಿ 'ಏ' ಬಂದೇ ಬರುತ್ತದೆ. 'ನಮ್ಮನ್ನ' ಬೇರೆ, 'ನಮ್ಮನ್ನೇ' ಬೇರೆ. ಮೊದಲ ಸಲವೇ 'ನಮ್ಮನ್ನೇ' ಅಂತ ಬರೆದರೆ ಗುಟ್ಟು ಅಲ್ಲೇ ರಟ್ಟು. ಕೊನೆಯಲ್ಲಿ ಮಾತ್ರ ಬದಲಿಸಿದರೆ, ಟೇಪಿನಲ್ಲಿದ್ದ ಮಾತು ಹೇಗೆ ಬದಲಾಯಿತು ಅಂತ ಅಪ್ಪ ಕೇಳಿಯೇ ಕೇಳುತ್ತಾರೆ. ಏನು ಮಾಡಲಿ?

ಗಾಂಧಿಬಜಾರ್ ನಾಲ್ಕನೇ ಕ್ರಾಸ್

ನಿಮ್ಮ ಅಪ್ಪ ಕೇಳುವ ಪ್ರಶ್ನೆ ನ್ಯಾಯವಾದದ್ದು. ನಾನೂ ಅದನ್ನೇ ಕೇಳುತ್ತೇನೆ. ಈ ಸಿನಿಮಾ ಬಗ್ಗೆ ನನಗಿರುವ ದೊಡ್ಡ ತಕರಾರೇ ಅದು.

ಟೇಪ್ ಅನ್ನೋದು ಒಂದು ವಸ್ತು. ಅದರ ಮೇಲೆ ಏನು ಅಚ್ಚಾಗಿದೆಯೋ ಅದೇ ಇರುತ್ತದೆ. ನೂರು ಸಲ ಹಾಕಿದರೂ ಅದೇ ದನಿ. ಪ್ರೇಕ್ಷಕ ಅದನ್ನು ನಂಬಿ ಕೂತಿರುತ್ತಾನೆ. ಕೊನೆಯಲ್ಲಿ ಬೇರೆ ರೀತಿ ಹೇಳಿಸಿದ ದನಿಯನ್ನು ತಂದು ಸೇರಿಸಿದರೆ ಅದು ಮೋಸ ಅಲ್ವಾ? ಒಳ್ಳೆಯ ರಹಸ್ಯ ಕಥೆಯಲ್ಲಿ ಸುಳಿವು ಮೊದಲಿನಿಂದಲೂ ಕಣ್ಣೆದುರೇ ಇರಬೇಕು. ನಾವು ಗಮನಿಸದೆ ಇದ್ದರೆ ಅದು ನಮ್ಮ ತಪ್ಪು. ಇಲ್ಲಿ ಸುಳಿವೇ ಇರಲಿಲ್ಲ.

ಹ್ಯಾಕ್‌ಮನ್ ನಟನೆ ಬಗ್ಗೆ ಎರಡು ಮಾತಿಲ್ಲ. ಆದರೆ ಈ ಒಂದು ವಿಷಯದಲ್ಲಿ ಸಿನಿಮಾ ನನ್ನ ಜೊತೆ ನೇರವಾಗಿ ನಡೆದುಕೊಂಡಿಲ್ಲ.

ಸ್ಪೂಲ್ ಟೇಪ್

ಇದಕ್ಕೆ ಉದ್ದವಾಗಿಯೇ ಉತ್ತರ ಬರೆಯಬೇಕು, ಕ್ಷಮಿಸಿ.

ಸೌಂಡ್ ಮತ್ತು ಎಡಿಟಿಂಗ್ ಮಾಡಿದವರು ವಾಲ್ಟರ್ ಮರ್ಚ್. ಯೂನಿಯನ್ ಸ್ಕ್ವೇರಿನಲ್ಲಿ ನಟರ ಮೈಮೇಲೆ ರೇಡಿಯೊ ಮೈಕ್ ಇಟ್ಟು ಶೂಟ್ ಮಾಡಿದ್ದರು. ಊರಿನ ನಡುವೆ ಆ ಮೈಕುಗಳಲ್ಲಿ ಗರಗರ ಅಡ್ಡ ಸದ್ದು ಸೇರಿಕೊಂಡಿತು. ಅದಕ್ಕೆ ಮರ್ಚ್ ಆಮೇಲೆ ಇಬ್ಬರು ನಟರನ್ನು ಶಾಂತವಾದ ಜಾಗಕ್ಕೆ ಕರೆದುಕೊಂಡು ಹೋಗಿ, ನಡೆದಾಡಿಸುತ್ತಾ ಅದೇ ಮಾತನ್ನು ಮತ್ತೆ ಮತ್ತೆ ರೆಕಾರ್ಡ್ ಮಾಡಿದರು. ಒಂದು ಸಲ ಮಾರ್ಕ್ ಪಾತ್ರದ ಫ್ರೆಡರಿಕ್ ಫಾರೆಸ್ಟ್ 'ನಮ್ಮನ್ನು' ಅನ್ನುವುದರ ಮೇಲೆ ಒತ್ತು ಹಾಕಿಬಿಟ್ಟರು. ಇದು ಸರಿಯಿಲ್ಲ ಅಂತ ಮರ್ಚ್ ಆಗ ಅದನ್ನು ಪಕ್ಕಕ್ಕಿಟ್ಟರು. ಎಷ್ಟೋ ತಿಂಗಳ ನಂತರ, ಕೊನೆಯ ಮಿಕ್ಸಿಂಗ್ ಹೊತ್ತಿಗೆ, ಪಕ್ಕಕ್ಕಿಟ್ಟಿದ್ದ ಆ ದನಿಯನ್ನು ತೆಗೆದು ಕೊನೆಯ ಜಾಗದಲ್ಲಿ ಹಾಕಿದರು. ಕೊಪ್ಪೊಲಾ ಅಷ್ಟರಲ್ಲಿ 'ಗಾಡ್‌ಫಾದರ್' ಎರಡನೇ ಭಾಗದ ಕೆಲಸದಲ್ಲಿ ಮುಳುಗಿದ್ದರು.

ಹೌದು, ದನಿ ಬದಲಾಗಿದೆ. ಆದರೆ ಇದು ಮೋಸ ಅಂತ ನಾನು ಒಪ್ಪಲ್ಲ. ಯಾಕೆ ಅಂತ ನನ್ನ ಅನುಭವದಿಂದಲೇ ಹೇಳುತ್ತೇನೆ.

ನಾನು ಸ್ಪೂಲ್ ಟೇಪಿನ ಕಾಲದಲ್ಲಿ ರೇಡಿಯೊ ಕಾರ್ಯಕ್ರಮಗಳನ್ನು ಎಡಿಟ್ ಮಾಡಿದವನು. ಟೇಪ್ ಓಡುವ ವೇಗ ಸೆಕೆಂಡಿಗೆ 7.5 ಇಂಚು. 'ನಮ್ಮನ್ನ' ಅನ್ನೋಕೆ ಅರ್ಧ ಸೆಕೆಂಡು ಹಿಡಿದರೆ ಅದು ನಾಲ್ಕು ಇಂಚಿಗಿಂತ ಸ್ವಲ್ಪ ಕಡಿಮೆ ಟೇಪ್. ನನ್ನ ಅಂಗೈ ಅಗಲ. ಎರಡೂ ರೀಲನ್ನು ಕೈಯಲ್ಲಿ ಹಿಡಿದು ಹಿಂದೆ ಮುಂದೆ ಆಡಿಸಿದರೆ ಪದದ ಶುರು ಎಲ್ಲಿ ಅಂತ ಗೊತ್ತಾಗುತ್ತದೆ. ಅಲ್ಲಿ ಮೇಣದ ಪೆನ್ಸಿಲ್‌ನಿಂದ ಹಳದಿ ಗೆರೆ ಹಾಕಬೇಕು. ಲೋಹದ ಅಚ್ಚಿನಲ್ಲಿ ಟೇಪ್ ಕೂರಿಸಿ ಬ್ಲೇಡಿನಿಂದ ಓರೆಯಾಗಿ ಕತ್ತರಿಸಬೇಕು. ನೆಟ್ಟಗೆ ಕತ್ತರಿಸಿದರೆ ಜೋಡಿಸಿದ ಕಡೆ 'ಟಕ್' ಅನ್ನುತ್ತದೆ.

ಒಂದು ಸಲ ರೈತರೊಬ್ಬರ ಸಂದರ್ಶನ. ಹೊಸ ತಳಿಯ ಬೀಜ ಹಾಕ್ತೀರಾ ಅಂತ ಪ್ರಶ್ನೆ. ಅವರು ಎರಡು ಸೆಕೆಂಡು ಸುಮ್ಮನಿದ್ದು 'ಹಾಕೋಣ' ಅಂದಿದ್ದರು. ಸಮಯ ಉಳಿಸಬೇಕಿತ್ತು. ಆ ಎರಡು ಸೆಕೆಂಡನ್ನು, ಅಂದರೆ 15 ಇಂಚು ಟೇಪನ್ನು, ಕತ್ತರಿಸಿ ಬಿಸಾಕಿದೆ. ಈಗ ಅವರು ಪ್ರಶ್ನೆ ಮುಗಿಯುವ ಮೊದಲೇ ಖುಷಿಯಿಂದ 'ಹಾಕೋಣ' ಅಂದ ಹಾಗಾಯಿತು. ಒಂದೇ ಒಂದು ಪದ ಬದಲಿಸಿರಲಿಲ್ಲ. ಪ್ರಸಾರ ಆದಮೇಲೆ ಅವರು ಬಂದು, ನಾನು ಹಾಗೆ ಹೇಳಲಿಲ್ಲವಲ್ಲ ಸ್ವಾಮಿ ಅಂದರು. ಟೇಪ್ ಹಾಕಿ ತೋರಿಸಿ, ನೀವೇ ಹೇಳಿದ್ದು ಅಂತ ನಾನು ವಾದ ಮಾಡಿದೆ. ಆ ಮೌನ ಕಸದ ಬುಟ್ಟಿಯಲ್ಲಿತ್ತು.

ಹ್ಯಾರಿ ಕೂಡ ಬರೀ ಕೇಳುವವನಲ್ಲ ಅಂತ ಮರೆಯಬೇಡಿ. ಮೂರು ಟೇಪಿನಿಂದ ಒಂದು ಟೇಪ್ ಮಾಡುವವನು. ಯಾವ ಮೈಕಿನ ತುಂಡು ತಗೋಬೇಕು, ಯಾವುದನ್ನು ಬಿಡಬೇಕು, ಯಾವ ಸದ್ದನ್ನು ತಗ್ಗಿಸಬೇಕು ಅಂತ ಅವನೇ ನಿರ್ಧಾರ ಮಾಡುತ್ತಾನೆ. ನಮಗೆ ಕೇಳಿಸಿದ್ದು ಅವನ ಕೈದಾಟಿ, ಅವನ ಕಿವಿದಾಟಿ ಬಂದ ಮಾತು.

ಮಲೆನಾಡ ಮಳೆ

ಸ್ಪೂಲ್ ಟೇಪ್ ಅವರೇ, ಆ 15 ಇಂಚಿನ ವಿಷಯ ಓದಿ ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ.

ಗಾಂಧಿಬಜಾರ್ ಅವರಿಗೆ ಒಂದು ಮಾತು. ಹ್ಯಾರಿಗೆ ಯಾಕೆ ಹಾಗೆ ಕೇಳಿಸಿತು ಅನ್ನೋದಕ್ಕೆ ಕಾರಣ ಸಿನಿಮಾದಲ್ಲೇ ಇದೆ. ಹಿಂದೆ ನ್ಯೂಯಾರ್ಕ್ ಕಡೆ ಅವನು ಮಾಡಿಕೊಟ್ಟ ಒಂದು ರೆಕಾರ್ಡಿಂಗ್‌ನಿಂದ ಮೂರು ಜನ ಕೊಲೆಯಾಗಿದ್ದರು. ಅದಕ್ಕೂ ತನಗೂ ಸಂಬಂಧ ಇಲ್ಲ ಅಂತ ಬಾಯಲ್ಲಿ ಹೇಳುತ್ತಾನೆ. ಅವರು ಏನು ಮಾತಾಡುತ್ತಾರೋ ನನಗೆ ಬೇಡ, ರೆಕಾರ್ಡಿಂಗ್ ಚೆನ್ನಾಗಿ ಬಂದರೆ ಸಾಕು ಅನ್ನುತ್ತಾನೆ. ಆದರೆ ಚರ್ಚಿನಲ್ಲಿ ತಪ್ಪೊಪ್ಪಿಗೆಗೆ ಕೂತಾಗ ನೋಡಿ. ದುಡ್ಡು ಕೊಡದೆ ಪೇಪರ್ ಎತ್ತಿಕೊಂಡೆ ಅಂತ ಶುರು ಮಾಡುತ್ತಾನೆ. ಸಣ್ಣ ಸಣ್ಣ ತಪ್ಪು ಎಲ್ಲಾ ಹೇಳಿ ಆದಮೇಲೆ ತಡವರಿಸುತ್ತಾ ಕೆಲಸದ ವಿಷಯಕ್ಕೆ ಬರುತ್ತಾನೆ. ನನ್ನ ಕೆಲಸದಿಂದ ಆ ಇಬ್ಬರಿಗೆ ಏನಾದರೂ ಆಗಬಹುದು ಅಂತ. ಹೇಳಿದ ಕೂಡಲೇ, ಅದಕ್ಕೆ ನಾನು ಹೊಣೆ ಅಲ್ಲ ಅಂತಲೂ ಸೇರಿಸುತ್ತಾನೆ.

ಅವನಿಗೆ ಈ ಸಲ ಯಾರನ್ನಾದರೂ ಉಳಿಸಬೇಕು. ಉಳಿಸಬೇಕಾದವರು ಆ ಜೋಡಿ ಅಂತ ಮನಸ್ಸು ತೀರ್ಮಾನ ಮಾಡಿ ಆಗಿದೆ. ಬೆಂಚಿನ ಮೇಲೆ ಮಲಗಿದ್ದ ಕುಡುಕನನ್ನು ನೋಡಿ ಆನ್ ಹೇಳುವ ಮಾತು ನೆನಪಿದೆಯಾ? ಇವನೂ ಒಂದು ಕಾಲದಲ್ಲಿ ಯಾರದೋ ಮನೆಯ ಮಗು ಆಗಿದ್ದ ಅಂತ. ಹೀಗೆ ಮಾತಾಡುವ ಹೆಣ್ಣು ಕೊಲೆಗೆ ಸಂಚು ಹಾಕುತ್ತಾಳೆ ಅಂತ ಹ್ಯಾರಿ ಹೇಗೆ ಅಂದುಕೊಳ್ಳಬೇಕು? ನಾನೂ ಅಂದುಕೊಳ್ಳಲಿಲ್ಲ.

ಇನ್ನೊಂದು ವಿಷಯ. ಅವನ ಹೆಸರು ಮೊದಲು ಇದ್ದದ್ದು ಫೋನ್ ಕಾಲ್‌ನ 'ಕಾಲ್'. ಟೈಪ್ ಮಾಡುವಾಗ ಕಾಗುಣಿತ ತಪ್ಪಿ ಬೇರೆ ಪದವಾಯಿತು. ಹುಟ್ಟುವಾಗ ಕೆಲವು ಮಕ್ಕಳ ತಲೆಗೆ ಅಂಟಿಕೊಂಡಿರುವ ತೆಳು ಪೊರೆಗೆ ಇಂಗ್ಲಿಷಿನಲ್ಲಿ ಆ ಹೆಸರು. ಕೊಪ್ಪೊಲಾ ಅದನ್ನೇ ಇಷ್ಟಪಟ್ಟು ಇಟ್ಟುಕೊಂಡರು. ಮಳೆ ಇಲ್ಲದಿದ್ದರೂ ಹ್ಯಾರಿ ಹಾಕಿಕೊಂಡು ತಿರುಗುವ ಆ ಪಾರದರ್ಶಕ ಪ್ಲಾಸ್ಟಿಕ್ ರೇನ್‌ಕೋಟ್ ಅದೇ ಪೊರೆ. ಕನ್ನಡದಲ್ಲಿ ಬರೆದರೆ ಎರಡಕ್ಕೂ ಒಂದೇ ಅಕ್ಷರ, 'ಕಾಲ್'.

ಬೇ ಏರಿಯಾ ಕನ್ನಡಿಗ

ನಾನಿರುವುದು ಸ್ಯಾನ್ ಫ್ರಾನ್ಸಿಸ್ಕೋ ಹತ್ತಿರವೇ. ಆ ಮೊದಲ ಶಾಟ್ ನೋಡಿದ ಮೇಲೆ ಯೂನಿಯನ್ ಸ್ಕ್ವೇರಿನಲ್ಲಿ ನಿಂತಾಗಲೆಲ್ಲ ಕತ್ತೆತ್ತಿ ಮಹಡಿಗಳ ಕಡೆ ನೋಡುವ ಅಭ್ಯಾಸ ಆಗಿದೆ. ಮೇಲಿನಿಂದ ಕ್ಯಾಮೆರಾ ನಿಧಾನವಾಗಿ, ಮೂರು ನಿಮಿಷದಷ್ಟು ಹೊತ್ತು, ಜನರ ಮಧ್ಯಕ್ಕೆ ಇಳಿಯುತ್ತದೆ. ಮುಖಕ್ಕೆ ಬಿಳಿ ಬಣ್ಣ ಬಳಿದುಕೊಂಡ ಮೂಕಾಭಿನಯದವನು ಜನರನ್ನು ಅಣಕಿಸುತ್ತಾ, ಕಾಫಿ ಲೋಟ ಹಿಡಿದ ಹ್ಯಾರಿಯ ಹಿಂದೆಯೇ ಹೋಗುತ್ತಾನೆ. ಎಲ್ಲರ ಹಿಂದೆ ಬೀಳುವವನ ಹಿಂದೆ ಒಬ್ಬ! ನಡುನಡುವೆ ಯಂತ್ರ ಕೆಟ್ಟ ಹಾಗೆ ಕಿರುಗುಟ್ಟುವ ಸದ್ದು. ಅದು ಮೈಕಿನ ಸದ್ದು ಅಂತ ನಮಗೆ ಗೊತ್ತಾಗುವುದು ಆಮೇಲೆ.

ಆ ದೃಶ್ಯ ತೆಗೆದವರು ಹ್ಯಾಸ್ಕೆಲ್ ವೆಕ್ಸ್ಲರ್. ಸ್ವಲ್ಪ ದಿನಕ್ಕೆ ಅವರು ಹೋಗಿ ಬಿಲ್ ಬಟ್ಲರ್ ಬಂದರು. ಕೊಲೆ ನಡೆಯುವ ಜ್ಯಾಕ್ ಟಾರ್ ಹೋಟೆಲ್ ಈಗಿಲ್ಲ. 2013ರಲ್ಲಿ ಕೆಡವಿದರು. ಆ ಜಾಗದಲ್ಲಿ ಆಸ್ಪತ್ರೆ ಇದೆ. 773ನೇ ನಂಬರಿನ ರೂಮಿನಲ್ಲಿ ಹ್ಯಾರಿ ಫ್ಲಶ್ ಮಾಡಿದಾಗ ರಕ್ತ ಉಕ್ಕಿ ನೆಲಕ್ಕೆ ಹರಿಯುವ ದೃಶ್ಯ ಇದೆಯಲ್ಲ, ಅದು ಇವತ್ತಿಗೂ ನನಗೆ ನೋಡೋಕೆ ಆಗಲ್ಲ. ಅದಕ್ಕಿಂತ ಜಾಸ್ತಿ ಕಾಡುವುದು ಅದರ ಹಿಂದಿನದು. ಪಕ್ಕದ ರೂಮಿನಿಂದ ಕೂಗು ಕೇಳಿಸಿದಾಗ ಇಷ್ಟು ದೊಡ್ಡ ಕದ್ದಾಲಿಕೆಗಾರ ಟಿವಿ ಸೌಂಡ್ ಜೋರು ಮಾಡಿ ಹೊದ್ದುಕೊಂಡು ಮಲಗಿಬಿಡುತ್ತಾನೆ. ಜೀವನವೆಲ್ಲ ಕೇಳಿಸಿಕೊಂಡವನು, ಕೇಳಿಸಿಕೊಳ್ಳಲೇಬೇಕಾದ ಹೊತ್ತಿನಲ್ಲಿ ಕಿವಿ ಮುಚ್ಚಿಕೊಂಡ.

ಡಿಎಸ್‌ಪಿ ಹುಡುಗಿ

ಸಿಗ್ನಲ್ ಪ್ರೊಸೆಸಿಂಗ್ ನನ್ನ ಕೆಲಸ. ಹ್ಯಾರಿಯ ಫಿಲ್ಟರ್ ಡೋಲನ್ನು ಅಷ್ಟು ಚೊಕ್ಕವಾಗಿ ತೆಗೆಯಲು ಸಾಧ್ಯವಿರಲಿಲ್ಲ. ಡೋಲಿನ ಸದ್ದು ಮತ್ತು ಮನುಷ್ಯರ ದನಿ ಒಂದರ ಮೇಲೊಂದು ಬರುತ್ತವೆ. ಒಂದನ್ನು ಕತ್ತರಿಸಿದರೆ ಇನ್ನೊಂದೂ ಸ್ವಲ್ಪ ಹೋಗುತ್ತದೆ. ಆದರೆ ಮೂರು ಮೈಕಿನ ಟೇಪುಗಳನ್ನು ಜೊತೆಯಾಗಿ ಓಡಿಸಿ, ಯಾವುದರಲ್ಲಿ ಮಾತು ಸ್ಪಷ್ಟವೋ ಅದನ್ನು ಆರಿಸುವುದು ನಿಜವಾದ ವಿಧಾನವೇ. ಸ್ಪೂಲ್ ಟೇಪ್ ಅವರ ಮಾತಿಗೆ ಒಂದು ಸೇರಿಸುತ್ತೇನೆ. ಹೀಗೆ ಫಿಲ್ಟರ್ ಮಾಡಿದಾಗ ಮೊದಲು ಕೆಡುವುದು ಇಂಥ ಸೂಕ್ಷ್ಮಗಳೇ. ಪದ ಉಳಿಯುತ್ತದೆ, ಒತ್ತು ಎಲ್ಲಿತ್ತು ಅನ್ನೋದು ಮಸುಕಾಗುತ್ತದೆ.

ಗಾಂಧಿಬಜಾರ್ ನಾಲ್ಕನೇ ಕ್ರಾಸ್

ಇದು ಒಳ್ಳೆಯ ಮಾತು. ಹ್ಯಾರಿಯೇ ಮಾಡಿದ ಟೇಪ್ ಅನ್ನೋದನ್ನು ನಾನು ಯೋಚಿಸಿರಲಿಲ್ಲ. ಸ್ವಲ್ಪ ಮೆತ್ತಗಾದೆ. ಆದರೂ, ಎರಡು ದನಿಗಳ ನಡುವಿನ ವ್ಯತ್ಯಾಸ ಇನ್ನೂ ಕಡಿಮೆ ಇದ್ದಿದ್ದರೆ ನನಗೆ ಜಾಸ್ತಿ ಇಷ್ಟವಾಗುತ್ತಿತ್ತು. ಮನೆಗೆ ಬಂದು, ಮೊದಲ ಸಲವೂ ಹಾಗೇ ಇತ್ತೇನೋ ಅಂತ ಅನುಮಾನ ಬರಬೇಕಿತ್ತು. ಅಷ್ಟು ತಕರಾರು ಮಾತ್ರ ಉಳಿದಿದೆ.

ಧಾರವಾಡ ಕಟ್ಟೆ

ಇಷ್ಟು ಹೊತ್ತಾದರೂ ವಾಟರ್‌ಗೇಟ್ ಬಗ್ಗೆ, ಅಮೆರಿಕದ ಅಧ್ಯಕ್ಷ ನಿಕ್ಸನ್ ಅವರ ಕುರ್ಚಿ ಕಳೆದ ಆ ಹಗರಣದ ಬಗ್ಗೆ, ಯಾರೂ ಎತ್ತಲಿಲ್ಲ, ಆಶ್ಚರ್ಯ.

ಈ ಕಥೆ ಕೊಪ್ಪೊಲಾ ತಲೆಯಲ್ಲಿ ಹುಟ್ಟಿದ್ದು 60ರ ದಶಕದಲ್ಲಿ. ದೂರದಿಂದ ಮಾತು ಹಿಡಿಯುವ ಮೈಕುಗಳ ಬಗ್ಗೆ ನಿರ್ದೇಶಕ ಇರ್ವಿನ್ ಕರ್ಶ್ನರ್ ಹೇಳಿದ್ದು ಕೇಳಿ. ಶೂಟಿಂಗ್ ಶುರುವಾದದ್ದು 1972ರ ಕೊನೆಗೆ. ಶ್ವೇತಭವನದಲ್ಲಿ ನಿಕ್ಸನ್ ತಮ್ಮ ಕೋಣೆಯ ಮಾತನ್ನೆಲ್ಲ ರೆಕಾರ್ಡ್ ಮಾಡಿಸುತ್ತಿದ್ದರು ಅಂತ ದೇಶಕ್ಕೆ ಗೊತ್ತಾದದ್ದು 1973ರ ಜುಲೈನಲ್ಲಿ. ಸಿನಿಮಾ ಬಿಡುಗಡೆ 1974ರ ಏಪ್ರಿಲ್ 7. ಅದೇ ತಿಂಗಳ 30ಕ್ಕೆ ಶ್ವೇತಭವನ ಆ ಟೇಪುಗಳ ಮಾತನ್ನು ಅಚ್ಚು ಮಾಡಿ ಹೊರಗೆ ಬಿಟ್ಟಿತು. ಎಷ್ಟೋ ಕಡೆ 'ಕೇಳಿಸುತ್ತಿಲ್ಲ' ಅಂತ ಬರೆದಿತ್ತು. ಸಂಸತ್ತಿನ ನ್ಯಾಯಾಂಗ ಸಮಿತಿ ಅದೇ ಟೇಪುಗಳನ್ನು ಕೇಳಿ ಬರೆದುಕೊಂಡಾಗ ಕೆಲವು ಮಾತು ಬೇರೆಯೇ ಆಗಿದ್ದವು. ಒಂದು ಟೇಪಿನಲ್ಲಿ ಹದಿನೆಂಟೂವರೆ ನಿಮಿಷ ಅಳಿಸಿಹೋಗಿತ್ತು. ಆಗಸ್ಟ್ 9ಕ್ಕೆ ನಿಕ್ಸನ್ ಹೊರಗೆ. ಇಡೀ ಅಮೆರಿಕ ಹ್ಯಾರಿಯ ಹಾಗೆ ಟೇಪಿಗೆ ಕಿವಿಯಿಟ್ಟು ಕೂತಿತ್ತು ಅಂದುಕೊಳ್ಳಿ.

ಸಿನಿಮಾಕ್ಕೆ ಸಲಹೆಗಾರ ಆಗಿದ್ದವರು ಹಾಲ್ ಲಿಪ್ಸೆಟ್, ಸ್ಯಾನ್ ಫ್ರಾನ್ಸಿಸ್ಕೋದ ಖಾಸಗಿ ಪತ್ತೇದಾರ. ಮದ್ಯದ ಲೋಟದಲ್ಲಿ ಹಾಕುವ ಆಲಿವ್ ಕಾಯಿಯೊಳಗೆ ಮೈಕ್ ಇಟ್ಟು ತೋರಿಸಿ ಹೆಸರಾದವರು.

ನಮ್ಮವರಿಗೆ 'ಫೋನ್ ಕದ್ದಾಲಿಕೆ' ಅಂದ ಕೂಡಲೇ 1988 ನೆನಪಾಗುತ್ತದೆ. ಆ ವಿವಾದದಲ್ಲಿ ರಾಮಕೃಷ್ಣ ಹೆಗಡೆ ಮುಖ್ಯಮಂತ್ರಿ ಸ್ಥಾನ ಬಿಟ್ಟರು. ನಾನಾಗ ಹೈಸ್ಕೂಲು. ಮನೆಯಲ್ಲಿ ಫೋನೇ ಇರಲಿಲ್ಲ, ಆದರೂ ಓಣಿಯಲ್ಲಿ ಎಲ್ಲರೂ ದನಿ ತಗ್ಗಿಸಿ ಮಾತಾಡುತ್ತಿದ್ದರು. ಖಾಸಗಿತನ ಮೂಲಭೂತ ಹಕ್ಕು ಅಂತ ಸುಪ್ರೀಂ ಕೋರ್ಟು 2017ರಲ್ಲಿ ಹೇಳಿತಲ್ಲ, ಆ ಮೊಕದ್ದಮೆ ಹಾಕಿದವರೂ ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಪುಟ್ಟಸ್ವಾಮಿ. ಈ ಸಿನಿಮಾ ನೋಡುವಾಗ ನನಗೆ ಇವೆಲ್ಲ ಹತ್ತಿರದ ವಿಷಯ.

ಟ್ರಂಕ್‌ಕಾಲ್ ಮಗಳು

ಎಲ್ಲರಿಗೂ ಥ್ಯಾಂಕ್ಸ್. ನನ್ನ ಈ ಹೆಸರಿನ ಕಾರಣ ಹೇಳಬೇಕು. ಅಪ್ಪ ಟ್ರಂಕ್ ಎಕ್ಸ್‌ಚೇಂಜಿನಲ್ಲಿ ಆಪರೇಟರ್ ಆಗಿದ್ದರು. ಆರ್ಡಿನರಿ, ಅರ್ಜೆಂಟ್, ಲೈಟ್ನಿಂಗ್ ಅಂತ ಕಾಲ್ ಬುಕ್ ಮಾಡುತ್ತಿದ್ದ ಕಾಲ. ಎರಡೂ ಕಡೆಯವರು ಸಿಕ್ಕರಾ ಅಂತ ನೋಡಲು ಕೀ ಒತ್ತಿ ಕೇಳಿಸಿಕೊಳ್ಳಬೇಕು. 'ಹಲೋ' ಅಂದದ್ದು ಕೇಳಿದ ಕೂಡಲೇ ಕೀ ಬಿಡಬೇಕು. ಮೂರು ನಿಮಿಷ ಆದಾಗ ಮತ್ತೆ ಒಳಗೆ ಹೋಗಿ ಹೇಳಬೇಕು. ಆ ಮೂರನೇ ನಿಮಿಷದಲ್ಲಿ ಜನ ಅಳುತ್ತಿರುತ್ತಿದ್ದರು, ಅಪ್ಪ ಅದರ ಮಧ್ಯೆ 'ತ್ರೀ ಮಿನಿಟ್ಸ್' ಅನ್ನಬೇಕಿತ್ತು. ಕೇಳಿಸಿದ್ದನ್ನು ಅವರು ಮನೆಯಲ್ಲಿ ಒಂದು ದಿನವೂ ಹೇಳಿದವರಲ್ಲ. ಅಮ್ಮ ಎಷ್ಟು ಕೇಳಿದರೂ ಇಲ್ಲ.

ಅದಕ್ಕೇ ಈ ಸಿನಿಮಾವನ್ನು ಅವರಿಗೆ ಸರಿಯಾಗಿ ತೋರಿಸಬೇಕು ಅಂತ ಇಷ್ಟು ಹಟ. ಸಾಲು ಮಾತ್ರ ಇನ್ನೂ ಸಿಕ್ಕಿಲ್ಲ. 'ಅವನೇ ನಮ್ಮನ್ನ ಕೊಲ್ತಾನೆ' ಅಂತ ಬರೆದು ನೋಡಿದೆ. ಅರ್ಥ ಎಲ್ಲೋ ಹೋಗುತ್ತದೆ.

ಅಡಿಕೆ ಚಪ್ಪರ

ಇಷ್ಟು ದಿನ ಸುಮ್ನೆ ಓದುತ್ತಿದ್ದೆ. ನನಗೊಂದು ತೋಚಿತು, ನೋಡಿ.

'ಅವಕಾಶ ಸಿಕ್ಕರೆ' ಅನ್ನೋದನ್ನು ಕೈಬಿಡಿ. ನಾವು ಹಾಗೆ ಮಾತಾಡುವುದೇ ಇಲ್ಲ. ಮಾತಾಡುವಾಗ 'ಬಿಟ್ರೆ' ಅನ್ನುತ್ತೇವೆ. ಬಿಟ್ರೆ ಇಡೀ ಡಬ್ಬ ಖಾಲಿ ಮಾಡ್ತಾನೆ, ಬಿಟ್ರೆ ತಲೆ ಮೇಲೆ ಕೂರ್ತಾನೆ. ಹಾಗೆ:

'ಬಿಟ್ರೆ ನಮ್ಮನ್ನ ಮುಗಿಸಿಬಿಡ್ತಾನೆ.'

ಮೊದಲ ಸಲ ಓದಿದಾಗ, ಅವನಿಗೆ ಆಸ್ಪದ ಸಿಕ್ಕರೆ ನಮ್ಮನ್ನು ಕೊಲ್ಲುತ್ತಾನೆ ಅಂತ ಭಯ. ಎರಡನೇ ಸಲ ಓದಿದಾಗ, ಅವನನ್ನು ಹಾಗೇ ಬಿಟ್ಟರೆ. ಅಂದರೆ ಬಿಡಬಾರದು. ಒಂದಕ್ಷರವೂ ಬದಲಿಸಬೇಕಿಲ್ಲ.

ಸ್ಪೂಲ್ ಟೇಪ್

ಅಬ್ಬಾ! ಒತ್ತು ಕೂಡ ತಾನಾಗಿಯೇ ಸರಿಯುತ್ತದೆ. ಮೊದಲ ಸಲ 'ಮುಗಿಸಿಬಿಡ್ತಾನೆ' ಮೇಲೆ, ಕೊನೆಗೆ 'ಬಿಟ್ರೆ' ಮೇಲೆ. ಗಟ್ಟಿಯಾಗಿ ಹೇಳಿ ನೋಡಿ.

ಗಾಂಧಿಬಜಾರ್ ನಾಲ್ಕನೇ ಕ್ರಾಸ್

ಹೇಳಿ ನೋಡಿದೆ. ನಾನು ಕೇಳುತ್ತಿದ್ದದ್ದು ಇದನ್ನೇ. ಇದರಲ್ಲಿ ಸುಳಿವು ಮೊದಲಿನಿಂದಲೂ ಕಣ್ಣೆದುರೇ ಇದೆ. ನನ್ನ ತಕರಾರು ಮುಗಿಯಿತು, ಕನ್ನಡದ ಮಟ್ಟಿಗಾದರೂ.

ಮಲೆನಾಡ ಮಳೆ

ಕೊನೆಯಲ್ಲಿ ಹ್ಯಾರಿಗೇ ಫೋನ್ ಬರುತ್ತದಲ್ಲ, ನಿನ್ನ ಮಾತನ್ನೂ ಕೇಳಿಸಿಕೊಳ್ಳುತ್ತೇವೆ ಅಂತ. ಅವನ ಮನೆಯಲ್ಲಿ ಆ ಮೈಕ್ ಎಲ್ಲಿತ್ತು ಅಂತ ಯಾರಿಗಾದರೂ ಅನ್ನಿಸಿದೆಯಾ? ನೆಲದ ಹಲಗೆ, ಗೋಡೆಯ ಕಾಗದ ಎಲ್ಲಾ ಕಿತ್ತು ಹಾಕುತ್ತಾನೆ. ಮೇರಿಯ ಪುಟ್ಟ ಮೂರ್ತಿಯನ್ನು ಕೈಯಲ್ಲಿ ಹಿಡಿದು ಹಿಂಜರಿದು, ಕೊನೆಗೆ ಅದನ್ನೂ ಒಡೆಯುತ್ತಾನೆ. ಸ್ಯಾಕ್ಸೋಫೋನ್ ಮಾತ್ರ ಒಡೆಯಲ್ಲ, ಅದನ್ನು ನುಡಿಸುತ್ತಾ ಕೂರುತ್ತಾನೆ. ಮೈಕ್ ಅದರಲ್ಲೇ ಇತ್ತು ಅಂತ ನನ್ನ ನಂಬಿಕೆ.

ಬೇ ಏರಿಯಾ ಕನ್ನಡಿಗ

ಆ ಕೊನೆಯ ಶಾಟಿನಲ್ಲಿ ಕ್ಯಾಮೆರಾ ಮೇಲಿನಿಂದ ಎಡಕ್ಕೆ ಬಲಕ್ಕೆ ಒಂದೇ ಸಮ ತಿರುಗುತ್ತದೆ, ಅಂಗಡಿಯ ಕಾವಲು ಕ್ಯಾಮೆರಾ ಹಾಗೆ. ಮೈಕ್ ಎಲ್ಲಾದರೂ ಇರಲಿ, ನೋಡುತ್ತಿರುವುದು ಯಾರು ಅಂತ ನಾನು ಯೋಚಿಸುತ್ತೇನೆ.

ಟ್ರಂಕ್‌ಕಾಲ್ ಮಗಳು

ನಿನ್ನೆ ರಾತ್ರಿ ಅಪ್ಪನಿಗೆ ತೋರಿಸಿದೆ. ಅಡಿಕೆ ಚಪ್ಪರ ಅವರ ಸಾಲು ಎರಡೂ ಕಡೆ ಹಾಗೆಯೇ ಹಾಕಿದ್ದೆ.

ಮೊದಲ ಸಲ ಸಾಲು ಬಂದಾಗ ಅಪ್ಪ 'ಛೆ, ಪಾಪ' ಅಂದರು. ಹೋಟೆಲಿನಲ್ಲಿ ಹ್ಯಾರಿ ಹೊದ್ದುಕೊಂಡು ಮಲಗಿದಾಗ ಏನೂ ಹೇಳಲಿಲ್ಲ, ಕುರ್ಚಿಯ ಕೈ ಹಿಡಿದುಕೊಂಡು ಕೂತಿದ್ದರು. ಕೊನೆಗೆ ಪತ್ರಕರ್ತರ ನಡುವೆ ಆನ್ ಮುಖ ಕಾಣಿಸಿ, ಕೆಳಗೆ ಅದೇ ಸಾಲು ಮತ್ತೆ ಬಂತು. ಅಪ್ಪ ಕನ್ನಡಕ ತೆಗೆದು ಒರೆಸಿ, ಹಾಕಿಕೊಂಡು, ಹಿಂದಕ್ಕೆ ಹಾಕು ಅಂದರು. ಹಾಕಿದೆ. ಇನ್ನೊಂದು ಸಲ ಓದಿದರು.

'ಬಿಟ್ರೆ ಅಂದರೆ, ಯಾರನ್ನ ಬಿಟ್ರೆ?'

ನಾನು ಉತ್ತರ ಹೇಳಲಿಲ್ಲ. ಇವತ್ತು ಸಂಜೆ ಮತ್ತೆ ಮೊದಲಿನಿಂದ ನೋಡಬೇಕಂತೆ.